ಬಸಲಿಂಗವ್ವನ ಹಸಿರು ಬಳೆ

“ನಾ ಎಷ್ಟು ಮಂದಿಗೆ ಹೆಂಡತಿ ಆಗೀನಿ ಅಂತ ಕೇಳ್ತೀರೇನು? ಕೇಳ್ರಿ, ನನಗೇನ ನಾಚಿಕಿ ಇಲ್ಲ. ಜಮೀನ್ದಾರಗ ಆಗೀನಿ, ಪೋಸ್ಟ್ ಮಾಸ್ತರಗ ಆಗೀನಿ, ಒಬ್ಬ ಕುಡುಕ ಟಾಂಗಾದಾವಗ ಆಗೀನಿ. ಆ ಟಾಂಗಾದಾವ ಖರೇ ಅಂದ್ರ ಭಾಳ ಸಭ್ಯ ಮನಷ್ಯಾ. ನನ್ನ ಹೊಡಿಯೂ ಸೀನ್ ಮುಗಿದ ಮ್ಯಾಲೆ ಕೈ ಮುಗಿದು, ‘ಮಾಫ್ ಕರೋ ಬೆಹನ್‌ಜೀ’ ಅಂದ. ನನ್ನ ಮಗನ ಪಾರ್ಟ್ ಮಾಡಿದಾವ ನನಗಿಂತ ದೊಡ್ಡಾಂವ. ಕೂದಲಿಗೆ ಕರೀ ಬಣ್ಣ ಹಚ್ಕೊಂಡು, ‘ಮಾ’ ಅಂತ ಕಾಲಿಗೆ ಬಿದ್ದ. ನಾನೂ ತಲಿ ಮ್ಯಾಲೆ ಕೈ ಇಟ್ಟು ಅತ್ತೆ. ಕಣ್ಣಾಗ ಗ್ಲಿಸರಿನ್ ಹಾಕ್ತೀವಿ ಅಂದ್ರು. ಬ್ಯಾಡ್ರಿ, ನನ್ನ ಕಡೆ ಸ್ವಂತದ್ದ ಐತಿ ಅಂದೆ. ಬೆಂಕ್ಯಾಗ ಸತ್ತೀನಿ, ಹೊಳ್ಯಾಗ ಸತ್ತೀನಿ, ಗಂಡನ ತೊಡಿ ಮ್ಯಾಲೆ ಸತ್ತೀನಿ. ಸಂಜಿಮುಂದ ಎದ್ದು ಮಾರಿ ತೊಳಕೊಂಡು, ಬಾಜಾರದಾಗ ಮೆಣಸಿನಕಾಯಿ ತಗೊಂಡು ಮನಿಗೆ ಬಂದೀನಿ. ಚಾಳಿನ ಮಂದಿ ಕೇಳ್ತಾರ, ‘ದಿನಾ ಮಂದಿ ಮುಂದ ಸುಳ್ಳ ಸುಳ್ಳ ಅಳ್ತೀಯಲ್ಲ ಬಸಲಿಂಗವ್ವ, ನಿನಗ ಹೆಂಗೂ ಅನಸೂದಿಲ್ಲೇನ?’ ಯಾಕ ಅನಸಬೇಕು? ನನ್ನ ಗಂಡ ಸತ್ತಾಗ ಸುತ್ತ ಕೂತು ಅತ್ತವರೊಳಗ ಎಷ್ಟು ಮಂದಿದು ಖರೇ ಇತ್ತು? ಅವರಿಗಿಂತ ನಾ ಛಲೋ ಅಳ್ತೀನಿ. ಅದಕ್ಕ ನನ್ನ ಕರೀತಾರ. ಹೀರೋಯಿನ್ ಆಗಾಕ ನಾ ಬಂದಿಲ್ಲ. ಆದ್ರ ಮನಿ ಅಂದ ಮ್ಯಾಲೆ ಅತ್ತಿ ಬೇಕು, ನೆಗೆಣ್ಣಿ ಬೇಕು, ಬಾಜೂ ಮನಿ ಬಾಯಿಬಡಕಿ ಬೇಕು. ಅವರಿಲ್ಲಂದ್ರ ಹೀರೋಯಿನ್ ಯಾರ ಮನಿಗೆ ಸೊಸಿ ಆಗಿ ಹೋಗ್ತಾಳ? ನನ್ನಂಥಾಕಿನ್ನ ತಗದು ನೋಡ್ರಿ, ಪಿಕ್ಚರಿನಾಗ ಬರೇ ಗ್ವಾಡಿ ಉಳೀತಾವ.”

ಇದನ್ನು ಬಸಲಿಂಗವ್ವ ಹೇಳಿದ್ದು ನನ್ನ ಖಾನಾವಳಿಯ ಹೊಸ್ತಿಲ ಮೇಲೆ ಕೂತು. ಒಳಗೆ ಬಟ್ಟೆ ಗಿರಣಿಯಿಂದ ಬಂದ ಮಂದಿ ಊಟಕ್ಕೆ ಕೂತಿದ್ದರು. ಅವರಿಗೂ ಕೇಳಲಿ, ಮೇಲೆ ಖೋಲಿಗಳ ಮುಂದಿನ ಗ್ಯಾಲರಿಯಲ್ಲಿ ಬಟ್ಟೆ ಒಣಹಾಕುವವರಿಗೂ ಕೇಳಲಿ ಅಂತಲೇ ದನಿ ಏರಿಸಿದ್ದಳು. ನಾಟಕ ಕಂಪನಿಯಲ್ಲಿ ಬೆಳೆದ ದನಿ ಅದು. ಕಡೇ ಸಾಲಿನಲ್ಲಿ ಕೂತವನಿಗೆ ಮುಟ್ಟದಿದ್ದರೆ ಮಾತಾಡಿದ್ದೇ ದಂಡ ಅನ್ನುವಳು.

ಮುಂಬೈಯ ಪರೇಲಿನಲ್ಲಿರುವ ನಮ್ಮ ಚಾಳಿಗೆ ಆಕೆ ಬಂದದ್ದು ಐವತ್ತನೇ ಇಸವಿಯ ಸುಮಾರಿಗೆ, ಗಂಡ ಶೆಟ್ಟೆಪ್ಪನ ಜೊತೆ. ಅವನು ನಾಟಕ ಕಂಪನಿಯಲ್ಲಿ ಹಾರ್ಮೋನಿಯಂ ಬಾರಿಸುತ್ತಿದ್ದ, ಈಕೆ ಅತ್ತೆ, ಮುದುಕಿ, ಸೂಲಗಿತ್ತಿ ಪಾತ್ರ ಮಾಡುತ್ತಿದ್ದಳು. ಮುಂಬೈಯಲ್ಲಿ ಕನ್ನಡ ಮಂದಿ ಬಹಳ ಇದ್ದಾರೆ, ಆಟ ಚೆನ್ನಾಗಿ ನಡೆಯುತ್ತದೆ ಅಂತ ಕಂಪನಿ ಇಲ್ಲಿ ಬಿಡಾರ ಹೂಡಿತು. ಒಂದು ಮಳೆಗಾಲಕ್ಕೆ ಮುರಿದುಬಿತ್ತು. ಅದೇ ಮಳೆಗಾಲದಲ್ಲಿ ಶೆಟ್ಟೆಪ್ಪ ವಿಷಮಶೀತ ಜ್ವರದಿಂದ ತೀರಿಕೊಂಡ. ಉಳಿದವರು ಪರದೆ ಸುತ್ತಿಕೊಂಡು ಊರಿಗೆ ಹೋದರು. ಬಸಲಿಂಗವ್ವ ಹೋಗಲಿಲ್ಲ. ಮೈದುನರು ಕರೆಯಲು ಬಂದಾಗ, “ಅಲ್ಲಿ ಬಂದು ಮೂಲ್ಯಾಗ ಕೂಡೂಕಿಂತ ಇಲ್ಲಿ ದುಡೀತೀನಿ” ಅಂತ ತಿರುಗಿ ಕಳಿಸಿದಳು.

ರೊಟ್ಟಿ ಬಡಿಯಲು ನಾನು ಆಕೆಯನ್ನು ಇಟ್ಟುಕೊಂಡೆ. ಬರಿಗೈ, ಹಣೆಗೆ ವಿಭೂತಿ. ಕೆಲಸ ಮಾಡುತ್ತ ಹಳೆಯ ನಾಟಕದ ಮಾತೆಲ್ಲ ಹೇಳುವಳು, ರಾಜನದೂ ಆಕೆಯೇ, ರಾಣಿಯದೂ ಆಕೆಯೇ. ಊಟಕ್ಕೆ ಬಂದವರು ಎರಡು ರೊಟ್ಟಿ ಹೆಚ್ಚೇ ತಿನ್ನುತ್ತಿದ್ದರು.

ಒಂದು ದಿನ ನನ್ನ ಹತ್ತಿರ ಸದಾನಂದ ಬಂದ. ಉಡುಪಿ ಕಡೆಯವನು, ಒಂದು ಸ್ಟುಡಿಯೋದ ಕ್ಯಾಂಟೀನ್ ನಡೆಸುತ್ತಿದ್ದ.

“ಎಂತ ಚನ್ನವ್ವಕ್ಕ, ಒಂದು ಉಪಕಾರ ಆಗ್ಬೇಕಿತ್ತು. ಹಳ್ಳಿ ಸೀನ್ ಉಂಟಂತೆ. ಕ್ಯಾಮೆರಾ ಎದುರು ರೊಟ್ಟಿ ತಟ್ಲಿಕ್ಕೆ ಒಬ್ಬರು ಬೇಕು. ನಾನು ದೋಸೆಯವ ಮಾರಾಯ್ರೆ, ನನಗೆ ರೊಟ್ಟಿ ತಟ್ಟುವವರು ಎಲ್ಲಿಂದ?”

ನಾನು ಒಲ್ಲೆ ಅಂದೆ. ಬಸಲಿಂಗವ್ವ ಕೈಯ ಹಿಟ್ಟು ಕೊಡವಿ ಎದ್ದು ನಿಂತಳು. “ನಡೀರಿ.”

ಸ್ಟುಡಿಯೋದಲ್ಲಿ ಬಣ್ಣ ಹಚ್ಚುವವನು ಕುಂಕುಮದ ಬಟ್ಟಲು ಹಿಡಿದು ಬಂದಾಗ, ಒಂದು ಗಳಿಗೆ ಅವನ ಕೈ ಹಿಡಿದು ನಿಲ್ಲಿಸಿದಳಂತೆ. ಆಮೇಲೆ, “ಇಡಪಾ” ಅಂದಳಂತೆ. ಪಿಕ್ಚರಿನ ಹೀರೋಯಿನ್ನು ಅಳುತ್ತ ಅಡಿಗೆಮನೆಗೆ ಓಡಿ ಬರಬೇಕು, ಈಕೆ ಮೂಲೆಯಲ್ಲಿ ರೊಟ್ಟಿ ತಟ್ಟುತ್ತಿರಬೇಕು, ಅಷ್ಟೇ. ಇವಳು ಸುಮ್ಮನಿರಬೇಕಲ್ಲ? ರೊಟ್ಟಿ ಬಿಟ್ಟು, ಹಿಟ್ಟಿನ ಕೈ ಹುಡುಗಿಯ ಸೀರೆಗೆ ತಾಗದಂತೆ ಮೊಣಕೈಯಿಂದ ಅವಳ ಗದ್ದ ಎತ್ತಿದಳು. ಡೈರೆಕ್ಟರ್ ಬಯ್ಯುತ್ತಾನೆ ಅಂತ ಎಲ್ಲರೂ ಅಂದುಕೊಂಡರು. ಅವನು, “ಆ ರೊಟ್ಟಿವಾಲಿಯನ್ನು ನಾಳೆನೂ ಕರಿ” ಅಂದ.

ಹಾಗೆ ಶುರುವಾಯಿತು. ದಾದರ್, ಅಂಧೇರಿ, ಚೆಂಬೂರು, ಎಲ್ಲಿ ಕರೆದರೆ ಅಲ್ಲಿಗೆ ಲೋಕಲ್ ಹತ್ತಿ ಹೋಗುವಳು. ಹಿಂದಿ ಬರುತ್ತಿರಲಿಲ್ಲ. ಎರಡು ಸಲ ಕೇಳಿದರೆ ಬಾಯಿಗೆ ಕೂರುತ್ತಿತ್ತು. ಆದರೆ ಮಾತಿನ ಪಾತ್ರ ಯಾರು ಕೊಡುತ್ತಾರೆ? ಗುಂಪಿನಲ್ಲಿ ಅಳುವುದು, ನೀರಿನ ಕೊಡ ಹೊರುವುದು, ಸಾಯುವುದು. ಹೆಸರು ಒಂದು ಪಿಕ್ಚರಿನಲ್ಲೂ ಬರಲಿಲ್ಲ.

ಪಾತ್ರಕ್ಕೆಲ್ಲ ಕುಂಕುಮ ಬೇಕು, ತಾಳಿ ಬೇಕು, ಬಳೆ ಬೇಕು. ಸ್ಟುಡಿಯೋದ ನಳದ ಹತ್ತಿರ ಕೊಬ್ಬರಿ ಎಣ್ಣೆ ಹಚ್ಚಿ ಕುಂಕುಮ ಒರೆಸಿ, ಸಡಿಲ ಬಳೆ ಕಳಚಿಟ್ಟು, ವಿಭೂತಿ ಹಚ್ಚಿಕೊಂಡು ಚಾಳಿಗೆ ಬರುವಳು. ಚಾಳಿನವರಿಗೆ ಗೊತ್ತಿರಲಿಲ್ಲ ಅಂತಲ್ಲ. ಕಣ್ಣಿಗೆ ಬೀಳದಿದ್ದರೆ ಆಯಿತು ಅಂತ ಇದ್ದರು.

ಆಮೇಲೆ ಮಾತಿನ ಪಾತ್ರ ಸಿಕ್ಕಿತು. ಮದುವೆಯ ಸೀನು. ಈಕೆ ವರನ ತಾಯಿ. ಸೊಸೆಗೆ ಆರತಿ ಮಾಡುತ್ತ ನಾಲ್ಕು ಕಟಕಿ ಮಾತು ಆಡಬೇಕು. ಆ ಮಾತುಗಳನ್ನು ನನ್ನ ಮುಂದೆ, ಒಲೆಯ ಮುಂದೆ, ಬೆಕ್ಕಿನ ಮುಂದೆ ಹೇಳಿದ್ದೇ ಹೇಳಿದ್ದು. ಡೈರೆಕ್ಟರ್‌ಗೆ ಆರತಿ ಹಿಡಿದ ಕೈ ಹತ್ತಿರದಿಂದ ಬೇಕಿತ್ತು. ಸಡಿಲ ಬಳೆ ಜಾರುತ್ತವೆ ಅಂತ ಬಳೆಗಾರನನ್ನೇ ಕರೆಸಿ, ಕೈಗೆ ಬಿಗಿಯಾಗಿ ಹಸಿರು ಗಾಜಿನ ಬಳೆ ಇಡಿಸಿದರು. ಪಿಕ್ಚರಿನವರ ಪದ್ಧತಿ ಹೀಗೆ: ಒಂದೇ ಮದುವೆಯನ್ನು ಹಲವು ದಿನ ತೆಗೆಯುತ್ತಾರೆ. ಮೊದಲ ದಿನ ಕೈಯಲ್ಲಿ ಏನಿತ್ತೋ ಕಡೇ ದಿನವೂ ಅದೇ ಇರಬೇಕು. “ಒಂದು ಬಳೆ ಒಡೆದರೂ ಬೇರೆ ಹೆಂಗಸನ್ನು ತರುತ್ತೇನೆ, ಎಲ್ಲ ಮೊದಲಿಂದ ತೆಗೆಯುತ್ತೇನೆ” ಅಂತ ಡೈರೆಕ್ಟರ್ ಹೇಳಿದ. ಕೈಗೆ ಬಿಗಿದ ಗಾಜಿನ ಬಳೆ ಒಡೆಯದೆ ಹೇಗೆ ತೆಗೆಯುವುದು? ಬಸಲಿಂಗವ್ವ ಬಳೆ ಇಟ್ಟುಕೊಂಡೇ, ಸೆರಗಿನಲ್ಲಿ ಕೈ ಸುತ್ತಿಕೊಂಡು ಮನೆಗೆ ಬಂದಳು.

ಅವತ್ತು ಮೇಲಿನ ಮಾಳಿಗೆಯಲ್ಲಿ ಸಿದ್ದರಾಮಪ್ಪನ ಸೊಸೆಗೆ ಕುಬಸ, ಅಂದರೆ ಸೀಮಂತ, ಇತ್ತು. ಸಿದ್ದರಾಮಪ್ಪ ಗಿರಣಿಯಲ್ಲಿ ಜಾಬರ್; ಮಂದಿಯನ್ನು ಕೆಲಸಕ್ಕೆ ಹಚ್ಚುವವನೂ ಅವನೇ, ಚಾಳಿನಲ್ಲಿ ಖೋಲಿ ಕೊಡುವವನೂ ಬಿಡಿಸುವವನೂ ಅವನೇ. ಅವನ ಹೆಂಡತಿ ಮಲ್ಲವ್ವ, ಮಗ ಪರಪ್ಪ, ಬಸುರಿ ಸೊಸೆ ಚಂದ್ರವ್ವ. ಸೊಸೆಯ ತಾಯಿ ಕಾಶವ್ವ ಅಥಣಿಯ ಕಡೆಯಿಂದ ಹಸಿರು ಸೀರೆ, ಕುಬಸ, ಬಳೆ, ಬುಟ್ಟಿ ತುಂಬ ಉಂಡಿ ಹೊತ್ತುಕೊಂಡು ಹಿಂದಿನ ದಿನವಷ್ಟೇ ಬಂದಿದ್ದಳು. ಚಾಳಿನಲ್ಲಿ ಯಾರ ಪರಿಚಯವೂ ಇಲ್ಲ. ಆರತಿಗೆ ಐದು ಮಂದಿ ಮುತ್ತೈದೆಯರು ಬೇಕು. ಒಬ್ಬಾಕೆ ಆ ಮುಂಜಾನೆಯೇ ಮೈಲಿಗೆಯಾಗಿ ಹೊರಗೆ ಕೂತಿದ್ದಳು. ಮಲ್ಲವ್ವ ಒಳಗೆ ಹೋಳಿಗೆ ಬೇಯಿಸುತ್ತಿದ್ದಳು. ಕಾಶವ್ವ ಐದನೆಯವಳನ್ನು ಹುಡುಕಿ ಜಿನೆಯ ಮೆಟ್ಟಿಲ ಹತ್ತಿರ ಬಂದಳು. ಎದುರಿಗೆ ಬಸಲಿಂಗವ್ವ. ಸೆರಗು ಜಾರಿತ್ತು. ಕೈ ತುಂಬ ಹಸಿರು ಬಳೆ, ಹಣೆಯಲ್ಲಿ ಎಣ್ಣೆಗೂ ಹೋಗದ ಕುಂಕುಮದ ಕೆಂಪು.

“ದೇವರ ಬಂದಂಗ ಬಂದಿ ನೋಡವ್ವ. ಒಳಗ ಬಾ, ನನ್ನ ಮಗಳಿಗೆ ಆರತಿ ಮಾಡು” ಅಂತ ಕೈ ಹಿಡಿದು ಎಳೆದುಕೊಂಡು ಹೋದಳು.

ನಾನು ಒಳಗೆ ಗೋಡೆಗೆ ಒರಗಿ ಕೂತಿದ್ದೆ. ಬಸಲಿಂಗವ್ವ ನನ್ನ ಮುಖ ನೋಡಿದಳು. ನಾನು ಬೇಡ ಅಂತ ತಲೆ ಅಲ್ಲಾಡಿಸುವುದರೊಳಗೆ ಆರತಿಯ ತಾಟು ಹಿಡಿದಿದ್ದಳು. ಚಂದ್ರವ್ವನಿಗೆ ಅರಿಶಿನ ಹಚ್ಚಿ, ಕುಂಕುಮ ಇಟ್ಟು, ಆರತಿ ಬೆಳಗಿದಳು. ಒಂದು ಹಾಡನ್ನೂ ಹೇಳಿದಳು. ಅಂಥ ದನಿ ಆ ಖೋಲಿಯಲ್ಲಿ ಅದಕ್ಕೂ ಮೊದಲು ಯಾರೂ ತೆಗೆದಿರಲಿಲ್ಲ. ಹುಡುಗಿಯ ಬಾಯಿಗೆ ಉಂಡಿ ಇಡುವಾಗ, ಮಲ್ಲವ್ವ ಹೋಳಿಗೆಯ ತಾಟು ಹಿಡಿದು ಹೊರಗೆ ಬಂದಳು. ತಾಟು ಕೈಯಿಂದ ಬೀಳಲಿಲ್ಲ. ನೆಲದ ಮೇಲೆ ಮೆಲ್ಲಗೆ ಇಟ್ಟು, ಆಮೇಲೆ ಕೂಗಿದಳು.

ಸಂಜೆ ಗ್ಯಾಲರಿಯಲ್ಲಿ ಮಂದಿ ಕೂಡಿತು. ಸಿದ್ದರಾಮಪ್ಪ ಖುರ್ಚಿ ಹಾಕಿಸಿಕೊಂಡು ಕೂತ.

“ಬಳಿ ಇಲ್ಲೇ ಒಡಿ. ನಮ್ಮ ಸೊಸಿ ಮುಂದ ತಪ್ಪಾತು ಅನ್ನು. ಅಲ್ಲಿಗೆ ಮುಗೀತು.”

“ಸೀನ್ ಮುಗಿದಿಲ್ಲರಿ.”

“ಯಾವ ಸೀನ್?”

“ಮದಿವಿ ಸೀನ್. ಇನ್ನಾ ಬೀಗರ ಊಟ ಆಗಬೇಕು.”

ಹಿಂದೆ ಯಾರೋ ನಕ್ಕರು. ಸಿದ್ದರಾಮಪ್ಪ ತಿರುಗಿ ನೋಡಿದ ಮೇಲೆ ಕೆಮ್ಮಿದರು.

“ಕೇಳ್ರಿ ಇಕಿ ಮಾತು” ಅಂದಳು ಮಲ್ಲವ್ವ. “ಗಂಡನ್ನ ಕಳಕೊಂಡಾಕಿ ಬೀಗರ ಊಟದ ಸುದ್ದಿ ಹೇಳ್ತಾಳ. ನನ್ನ ಮೊಮ್ಮಗಗ ಏನರ ಆದ್ರ ನಿನ್ನ ಪಿಕ್ಚರಿನವರು ಬರ್ತಾರೇನ? ನಾ ಮುತ್ತೈದಿ ಅಲ್ಲ ಅಂತ ಒಂದ ಮಾತು ಹೇಳಾಕ ನಿನಗೇನ ಧಾಡಿ ಆಗಿತ್ತ?”

“ಹೇಳಬೇಕಂತ ಬಾಯಿಗೆ ಬಂದಿತ್ತು ಮಲ್ಲಕ್ಕ. ಅಷ್ಟರಾಗ ನಿಮ್ಮ ಬೀಗತಿ ನನ್ನ ಕೈ ಹಿಡದ್ರು. ಒಳಗ ಬಾರವ್ವ ಅಂತ ಕೈ ಹಿಡಿದು ನನ್ನ ಯಾರರ ಕರದು ಎಷ್ಟ ವರ್ಷ ಆಗಿತ್ತು, ಗೊತ್ತೇನ? ಬಿಡಿಸಿಕೋಬೇಕು ಅನಸಲಿಲ್ಲ. ಮಾಫಿ ಕೇಳು ಅಂದ್ರ ಕೇಳೂದಿಲ್ಲ. ನಾ ಹುಡಿಗಿಗೆ ಕೆಟ್ಟ ಬಯಸಿಲ್ಲ.”

“ಬಳಿ?” ಅಂದ ಸಿದ್ದರಾಮಪ್ಪ.

“ನನ್ನ ಬಳಿ ಒಂದ ಸಲ ಒಡದಾವು. ಕೆಳಗ ನಳದ ಕಟ್ಟಿ ಮ್ಯಾಲೆ ಕೈ ಹಿಡಿದು ಒಡದಾಕಿ ನೀನ ಮಲ್ಲಕ್ಕ. ಅವತ್ತ ನನ್ನ ಯಾರೂ ಕೇಳಲಿಲ್ಲ. ಇವತ್ತ ಕೇಳಾಕ ಹತ್ತೀರಿ, ಛಲೋ ಆತು. ಒಲ್ಲೆ ಅಂತೀನಿ.”

ಸಿದ್ದರಾಮಪ್ಪ ಎದ್ದು ನಿಂತ. “ಹಂಗಾದ್ರ ಬಳಿ ಇಟ್ಕೊ, ಖೋಲಿ ಬಿಡು. ಎರಡರಾಗ ಒಂದು.”

“ನನಗ ಎರಡೂ ಬೇಕು” ಅಂದು ಬಸಲಿಂಗವ್ವ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.

ಮರುದಿನ ಮುಂಜಾನೆ ಆಕೆ ಹೊರಟಾಗ ನಳದ ಹತ್ತಿರ ಹೆಂಗಸರು ಸಾಲುಗಟ್ಟಿ ನಿಂತಿದ್ದರು. ಸೆರಗು ಸೊಂಟಕ್ಕೆ ಸಿಕ್ಕಿಸಿದ್ದಳು, ಎರಡೂ ಕೈ ಬಯಲಿಗೆ. ಹಣೆಯಲ್ಲಿ ದುಂಡಗೆ ಕುಂಕುಮ, ಮನೆಯಲ್ಲೇ ಇಟ್ಟುಕೊಂಡದ್ದು. ಕ್ಯಾಂಟೀನಿನ ಸದಾನಂದ ನನಗೆ ಆಮೇಲೆ ಹೇಳಿದ: “ನಾನು ಕೇಳಿದೆ ಮಾರಾಯ್ರೆ, ಎಂತ ಬಸಲಿಂಗಕ್ಕ, ಇವತ್ತು ಮನೆಯಿಂದಲೇ ಮೇಕಪ್ಪಾ ಅಂತ. ಅವರು ಹೇಳಿದ್ರು, ಇದು ಮೇಕಪ್ ಅಲ್ಲ ಸದಾನಂದಣ್ಣ, ಜಗಳ ಅಂತ.”

ಸಂಜೆ ಬರುವುದರೊಳಗೆ ಆಕೆಯ ಟ್ರಂಕು, ಹಾಸಿಗೆ, ಅಡಿಗೆಯ ಭಾಂಡಿ, ಇದ್ದಿಲು ಹಾಕಿ ಉರಿಸುವ ಸಿಗಡಿ ಎಲ್ಲ ಗ್ಯಾಲರಿಯಲ್ಲಿದ್ದವು. ಬಾಗಿಲಿಗೆ ಸಿದ್ದರಾಮಪ್ಪನ ಬೀಗ.

“ನನ್ನ ಖೋಲಿಗೆ ಬಾ” ಅಂತ ನಾನು ಕರೆದೆ.

“ಬರೂದಿಲ್ಲ ಅಕ್ಕ. ನಿನ್ನ ಖೋಲಿಗೆ ಬಂದ್ರ ನಾ ಖೋಲಿ ಬಿಟ್ಟಂಗ ಆತು. ಖೋಲಿ ಅವಂದು ಇರಬಹುದು, ಗ್ಯಾಲರಿ ಎಲ್ಲಾರದು.”

ತನ್ನ ಬಾಗಿಲ ಮುಂದೆಯೇ ಚಾಪೆ ಹಾಸಿದಳು. ನಮ್ಮ ಚಾಳಿನ ಗ್ಯಾಲರಿ ಎಷ್ಟು ಅಗಲ? ಒಬ್ಬರು ಕೂತರೆ ಇನ್ನೊಬ್ಬರು ಓರೆಯಾಗಿ ದಾಟಬೇಕು. ಸಿದ್ದರಾಮಪ್ಪನ ಖೋಲಿ ಆಕೆಯದನ್ನು ದಾಟಿ ಮುಂದಿನದು. ಅವನೂ ದಾಟಬೇಕು, ಅವನ ಹೆಂಡತಿಯೂ ಕೊಡ ಹೊತ್ತು ದಾಟಬೇಕು. ದಾಟುವವರನ್ನೆಲ್ಲ ಬಸಲಿಂಗವ್ವ ಮಾತಾಡಿಸುವಳು. “ಮೆಲ್ಲಕ ಹೋಗ್ರಿ, ಸಿಗಡಿ ಐತಿ.” “ಇವತ್ತ ಗಿರಣಿ ಲಗೂನ ಬಿಟ್ಟಿತೇನ?” ಪರಪ್ಪ ಪಾಪದವನು. “ಅತ್ತಿ, ಚೂರು ಕಾಲು ಸರಸ್ರಿ” ಅಂದು ತಲೆ ತಗ್ಗಿಸಿ ಹೋಗುತ್ತಿದ್ದ. ಮುಂಜಾನೆ ಎದ್ದರೆ ಮತ್ತೆ ಕುಂಕುಮ, ಮತ್ತೆ ಲೋಕಲ್. ಆಕೆ ಹೋದಾಗ ಯಾರೂ ಸಾಮಾನು ಮುಟ್ಟದಂತೆ ನಾನು ಜಿನೆಯ ಮೇಲೆ ಕೂತು ಅಕ್ಕಿ ಹಸನು ಮಾಡುತ್ತಿದ್ದೆ.

ಒಂದು ಸಂಜೆ ಬರುವಾಗ ಬಾಜಾರದಿಂದ ಪುಂಡಿಸೊಪ್ಪು ತಂದಳು. ಇಲ್ಲಿನವರು ಅಂಬಾಡಿ ಅನ್ನುತ್ತಾರೆ. ಸಿಗಡಿ ಹೊತ್ತಿಸಿ, ಬೇಳೆ, ಹಸಿಮೆಣಸಿನಕಾಯಿ ಹಾಕಿ ಬೇಯಿಸಿ, ಮೇಲೆ ಬೆಳ್ಳುಳ್ಳಿಯ ಒಗ್ಗರಣೆ ಕೊಟ್ಟಳು. ಹುಳಿಯ ವಾಸನೆ ಗ್ಯಾಲರಿ ತುಂಬಿತು. ಸಿದ್ದರಾಮಪ್ಪನ ಬಾಗಿಲು ತೆರೆಯಿತು. ಚಂದ್ರವ್ವ ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಬಂದು ಚಾಪೆಯ ಮೇಲೆ ಕೂತಳು.

“ಒಳಗ ನಡಿ” ಅಂತ ಮಲ್ಲವ್ವ ಹಿಂದೆಯೇ ಬಂದಳು.

“ನನಗ ಪುಂಡಿಪಲ್ಯ ಬೇಕ್ರಿ ಅತ್ತಿ.”

“ನಾ ಮಾಡಿಕೊಡ್ತೀನಿ ನಡಿ.”

“ನಿಮ್ಮದಲ್ಲ. ಇದ. ಇವರ ಕೈಲೆ ತಿನ್ನಬೇಕು. ಬಯಕಿ ಆಗೇತಿ.”

ಮಲ್ಲವ್ವ ಬಾಗಿಲ ಚೌಕಟ್ಟು ಹಿಡಿದು ನಿಂತಳು. ಬಸುರಿಯ ಬಯಕೆಗೆ ಬೇಡ ಅನ್ನುವ ಮನೆ ನಮ್ಮ ಕಡೆ ಯಾವುದಿದೆ? ಕಾಶವ್ವ ಒಳಗಿನಿಂದಲೇ ಹೇಳಿದಳು, “ಬಯಕಿ ತಪ್ಪಿಸಬ್ಯಾಡ್ರಿ ಬೀಗತಿ. ಕೂಸಿನ ಕಿವಿ ಸೋರತಾವಂತ.” ಐದನೇ ಮುತ್ತೈದೆಯನ್ನು ಕೈ ಹಿಡಿದು ತಂದವಳು ಕಾಶವ್ವನೇ. ಅವತ್ತಿನಿಂದ ಬೀಗತಿಯ ಬೈಗುಳ ತಿಂದು ತಿಂದು ಆಕೆಗೂ ಸಾಕಾಗಿತ್ತು.

“ಆಕಿ ಕೈಲೆ ಯಾಕ?” ಅಂದಳು ಮಲ್ಲವ್ವ, ಸೋತ ದನಿಯಲ್ಲಿ.

“ಬಯಕಿಗೆ ಯಾಕ ಅಂತ ಕೇಳ್ತಾರೇನ್ರಿ?” ಅಂದಳು ಚಂದ್ರವ್ವ.

ಬಸಲಿಂಗವ್ವ ರೊಟ್ಟಿ ಮುರಿದು, ಪಲ್ಯ ಹಚ್ಚಿ, ಹಸಿರು ಬಳೆಯ ಕೈಯಿಂದಲೇ ಉಣಿಸಿದಳು. ಹುಡುಗಿ ಬೆರಳು ಚೀಪಿ, ನಾಳೆ ಮತ್ತೆ ಬರುತ್ತೇನೆ ಅಂದಳು. ಬಂದಳು ಕೂಡ. ಮರುದಿನ ಬದನೆಕಾಯಿ, ಅದರ ಮರುದಿನ ಹುಣಸೆಯ ತೊಕ್ಕು. ಖರೇ ಬಯಕೆಯೋ ಮಾಡಿದ ಬಯಕೆಯೋ, ನಾನು ಕೇಳಲಿಲ್ಲ. ಹುಡುಗಿ ಒಮ್ಮೆ ನನ್ನತ್ತ ನೋಡಿ ನಕ್ಕದ್ದು ಮಾತ್ರ ಖರೆ.

ಜಾಬರನ ಬಸುರಿ ಸೊಸೆ ಗಾಳಿಯಲ್ಲಿ, ಹೋಗಿಬರುವ ಗಂಡಸರ ಕಾಲಿನ ನಡುವೆ ಕೂತು ಉಣ್ಣುವುದೆಂದರೆ ಮರ್ಯಾದೆಯೇ? ಸಿದ್ದರಾಮಪ್ಪ ಮೂರು ಸಂಜೆ ನೋಡಿದ. ನಾಲ್ಕನೆಯ ಸಂಜೆ ಕೀಲಿಕೈ ತಂದು ಬೀಗ ತೆಗೆದ. ಬಸಲಿಂಗವ್ವನ ಮುಖ ನೋಡದೆ, “ಒಳಗ ಕುಂದ್ರಿಸಿ ಉಣಸು. ಇಲ್ಲಿ ಬ್ಯಾಡ” ಅಂದ.

“ಸಾಮಾನು ಹೊರಗ ಇಟ್ಟವರ ಒಳಗ ಇಡಬೇಕ್ರಿ” ಅಂದಳು ಬಸಲಿಂಗವ್ವ, ಚಾಪೆಯಿಂದ ಏಳದೆ.

ಅವನು ಕೆಮ್ಮಿ, ಮಗನನ್ನು ಕರೆದ. ಪರಪ್ಪ ಟ್ರಂಕು ಹೊತ್ತ.

ಮದುವೆಯ ಸೀನು ಆ ವಾರವೇ ಮುಗಿಯಿತು. ಒಂದು ಬಳೆಯೂ ಒಡೆದಿರಲಿಲ್ಲ. ನಾನು ಕೇಳಿದೆ, “ಇನ್ನ ತಗೀಬಹುದಲ್ಲ ಬಸಲಿಂಗವ್ವ, ನಿನ್ನ ಕೆಲಸ ಆತಲ್ಲ?”

“ಡೈರೆಕ್ಟರಂದು ಮುಗೀತು. ಇನ್ನ ಇವು ನನ್ನವು. ತಾವ ಒಡೀತನಕ ಇರ್ತಾವ. ಒಡದ ಮ್ಯಾಲೆ ಬೇಕಾದ್ರ ಬ್ಯಾರೇವು ಇಡಿಸ್ಕೋತೀನಿ.”

ಚಂದ್ರವ್ವ ಹೆಣ್ಣು ಹೆತ್ತಳು. ತಾಯಿ, ಮಗು ಇಬ್ಬರೂ ಗಟ್ಟಿ. ಮಲ್ಲವ್ವ ನಳದ ಹತ್ತಿರ ನಿಂತು, “ನಾ ಹೇಳಿದ್ನಿಲ್ಲ? ಆ ಆರತಿ ಫಲ. ಗಂಡಾಗೂದು ಹೆಣ್ಣಾತು” ಅಂದಳು. ಬಸಲಿಂಗವ್ವ ಕೊಡ ತೊಳೆಯುತ್ತಿದ್ದಳು.

“ಹೆಣ್ಣಾಗಾಕ ನಾ ಕಾರಣ ಆದ್ರ, ನಿನ್ನ ಮಗನ ಕೆಲಸ ಏನ ಮಲ್ಲಕ್ಕ?”

ಅವತ್ತು ನಳದ ಹತ್ತಿರ ನಕ್ಕ ನಗೆಗೆ ಕೆಳಗಿನ ಅಂಗಡಿಯವನು ಹೊರಗೆ ಬಂದು ನೋಡಿದ. ಮಲ್ಲವ್ವನಿಗೂ ನಗೆ ತಡೆಯಲಾಗಲಿಲ್ಲ, ಸೆರಗು ಬಾಯಿಗೆ ಒತ್ತಿಕೊಂಡು ಮೇಲೆ ಹೋದಳು.

ಪಿಕ್ಚರು ಬರಲು ವರ್ಷವೇ ಹಿಡಿಯಿತು. ಚಾಳಿನ ಹೆಂಗಸರೆಲ್ಲ ಮಧ್ಯಾಹ್ನದ ಆಟಕ್ಕೆ ಹೋದೆವು. ಮಲ್ಲವ್ವನೂ ಬಂದಳು, ಚಂದ್ರವ್ವ ಕೂಸು ಎತ್ತಿಕೊಂಡು ಬಂದಳು. ಮದುವೆ ಬಂತು. ಪರದೆ ತುಂಬ ಆರತಿಯ ತಾಟು, ಅದನ್ನು ಹಿಡಿದ ಎರಡು ಕೈ, ಕೈ ತುಂಬ ಬಳೆ. ಕೈ ಒಂದು ಸುತ್ತು ಬಂತು, ಸೊಸೆ ತಲೆ ಎತ್ತಿದಳು, ಅಷ್ಟರಲ್ಲಿ ಮುಂದಿನ ಸೀನಿನ ಪೇಟೆಯ ಬೀದಿ ಬಂತು. ಅಷ್ಟೇ. ಬಸಲಿಂಗವ್ವನ ಮುಖ ಬರಲಿಲ್ಲ. ಆ ನಾಲ್ಕು ಮಾತೂ ಬರಲಿಲ್ಲ. ನಾನು ಪಕ್ಕಕ್ಕೆ ತಿರುಗಿ ನೋಡುವ ಧೈರ್ಯ ಮಾಡಲಿಲ್ಲ.

ಕತ್ತಲಲ್ಲಿ ಮಲ್ಲವ್ವ ಗಟ್ಟಿಯಾಗಿ ಅಂದಳು, “ಆ ಕೈ ನಮ್ಮ ಬಸಲಿಂಗವ್ವಂದು. ನಮ್ಮ ಚಾಳಿನಾಕಿ.” ಮುಂದಿನ ಸಾಲಿನವರು ಸುಮ್ಮನಿರಿ ಅಂದರು. ಆಕೆ ಮತ್ತೊಮ್ಮೆ ಹೇಳಿದಳು.

ಮನೆಗೆ ಬರುವಾಗ ದಾರಿಯುದ್ದಕ್ಕೂ ಮಲ್ಲವ್ವನದೇ ಮಾತು. “ಹಸಿರ ಕಾಣಲೇ ಇಲ್ಲಲ್ಲ. ಬಳಿ ಎಲ್ಲಾ ಕರೀ ಕಂಡ್ವು. ಕುಂಕುಮಾನೂ ಕರೀನ. ಇದಕ್ಕೇನ ನಾವು ಅಷ್ಟು ಬಡದಾಡಿದ್ದು? ಮತ್ತ ನಿನ್ನ ಮಾತು ಎಲ್ಲಿ ಹೋದ್ವು?”

“ಕತ್ರಿ ಹಾಕ್ಯಾರ.”

“ಹಂಗಾದ್ರ ನೀ ಗ್ಯಾಲರ್ಯಾಗ ಮಲಗಿದ್ದು ದಂಡ ಆತಲ್ಲ.”

“ಯಾಕ ದಂಡ? ಖೋಲಿ ಐತಿ. ಬಳಿ ಅದಾವ. ನಾಡಿದ್ದು ಅಂಧೇರಿಯಾಗ ಪೊಲೀಸನ ತಾಯಿ ಪಾರ್ಟ್ ಐತಿ, ಮಾತು ಕೊಟ್ಟಾರ. ಅವನ್ನೂ ಕತ್ತರಿಸಿದ್ರ ಮುಂದಿನ ಪಿಕ್ಚರಿಗೆ ಹೋಗ್ತೀನಿ. ಅವರ ಕತ್ರಿ ಮೊಂಡ ಆಗೂತನಕ ನಾ ಮಾತಾಡಾವಳ.”

ಚಾಳಿಗೆ ಬಂದಾಗ ನಳದಲ್ಲಿ ನೀರು ಬಿಟ್ಟಿತ್ತು. ಖಾನಾವಳಿಯ ಮಧ್ಯಾಹ್ನದ ಭಾಂಡಿ ಹಾಗೆಯೇ ಬಿದ್ದಿದ್ದವು. ಬಸಲಿಂಗವ್ವ ಪಿಕ್ಚರಿಗೆ ಉಟ್ಟ ಸೀರೆಯನ್ನು ಮೊಣಕಾಲಿಗೆ ಎತ್ತಿ ಕಟ್ಟಿ, ಬೂದಿಯ ಬುಟ್ಟಿ ಎಳೆದುಕೊಂಡು ಕೂತಳು. ಬೇಳೆಯ ಪಾತೇಲಿಯ ತಳ ಹಿಡಿದಿತ್ತು. ತೆಂಗಿನ ನಾರು ಬೂದಿಗೆ ಅದ್ದಿ ತಿಕ್ಕತೊಡಗಿದಳು. ನಾನು ಪಕ್ಕದಲ್ಲಿ ಕೂತು, ಆಕೆ ತಿಕ್ಕಿ ಕೊಟ್ಟದ್ದನ್ನು ನೀರಿನಲ್ಲಿ ಗಲಬರಿಸಿ ಬೋರಲು ಹಾಕುತ್ತ ಹೋದೆ.